ತಪ್ಪಾತ್ರಿ ಎಂದವನ ಲೈಸೆನ್ಸು

ಗುರುಪಾದಪ್ಪನ ಬಾಯಲ್ಲಿ ದಿನಕ್ಕೆ ಎಷ್ಟು ಸಲ 'ತಪ್ಪಾತ್ರಿ' ಬರುತ್ತಿತ್ತೋ ಎಣಿಸಿದವರಿಲ್ಲ. ಎಣಿಸಲು ಕೂತರೆ ಸಂಜೆಯೊಳಗೆ ಸುಸ್ತಾಗಿಬಿಡುತ್ತಿದ್ದರು. ಬಸ್ಸಿನಲ್ಲಿ ಬೇರೆ ಯಾರೋ ತನ್ನ ಕಾಲು ತುಳಿದರೂ ತಪ್ಪಾತ್ರಿ ಅನ್ನುವವನು ಇವನೇ. ಗಿರಾಕಿ ಕೇಳಿದ ಮಾತ್ರೆ ಅಂಗಡಿಯಲ್ಲಿ ಇಲ್ಲದಿದ್ದರೆ ತಪ್ಪಾತ್ರಿ. ಗಿರಾಕಿ ಮಳೆಯಲ್ಲಿ ನೆನೆದುಕೊಂಡು ಬಂದರೆ, ಆ ಮಳೆಯನ್ನು ತಾನೇ ಸುರಿಸಿದವನ ಹಾಗೆ, ಅದಕ್ಕೂ ತಪ್ಪಾತ್ರಿ. ಸಿಂದಗಿ ಕಡೆಯ ಅವನ ಊರಿನಲ್ಲಿ ಈ ಮಾತಿಗೆ ಅಂಥ ತೂಕವೇನೂ ಇರಲಿಲ್ಲ. ದೊಡ್ಡವರ ಎದುರು ಮಾತು ಬೆಳೆಸಬಾರದು. ಬೆಳೆಯಿತೋ, ಸಣ್ಣವನು ತಪ್ಪಾತ್ರಿ ಅನ್ನಬೇಕು, ದೊಡ್ಡವನು 'ಇರ್ಲಿ ಬಿಡು' ಅನ್ನಬೇಕು, ಆಮೇಲೆ ಇಬ್ಬರೂ ಚಹಾ ಕುಡಿಯಬೇಕು. ತಪ್ಪು ನಿಜಕ್ಕೂ ಯಾರದು ಎಂದು ಯಾರೂ ಕೇಳುತ್ತಿರಲಿಲ್ಲ. ಕೇಳಿದರೆ ಅಲ್ಲಿಂದಲೇ ಇನ್ನೊಂದು ಜಗಳ ಶುರುವಾಗುತ್ತಿತ್ತು.

ಆ ಒಂದು ಮಾತಿನಿಂದ ಅವನ ಔಷಧಿ ಅಂಗಡಿಗೆ ಬೀಗ ಬಿತ್ತು. ನಗುವವರು ನಗಲಿ. ನಡೆದದ್ದಂತೂ ಹೀಗೆಯೇ.

ಮೊದಲು ಅವನು ಬಿಜಾಪುರದಲ್ಲಿ ಒಬ್ಬ ಡಾಕ್ಟರರ ಹತ್ತಿರ ಕಂಪೌಂಡರ್ ಆಗಿದ್ದ. ಕೆಮ್ಮಿನ ನೀರು ಕಲಸುವುದು, ಪುಡಿ ತೂಗಿ ಪೊಟ್ಟಣ ಕಟ್ಟುವುದು, ಗಾಯ ತೊಳೆದು ಪಟ್ಟಿ ಸುತ್ತುವುದು, ಎಲ್ಲ ಅಲ್ಲೇ ಕಲಿತದ್ದು. ಆ ಅನುಭವದ ಮೇಲೆ ಸರ್ಕಾರ ಅವನ ಹೆಸರನ್ನು ಫಾರ್ಮಸಿಸ್ಟರ ಪಟ್ಟಿಗೆ ಸೇರಿಸಿಕೊಂಡಿತ್ತು. ಹೆಂಡತಿ ಚಂದ್ರವ್ವನ ಅಣ್ಣನಿಗೆ ಬೆಂಗಳೂರಿನ ಪೀಣ್ಯದ ಒಂದು ಕಾರ್ಖಾನೆಯಲ್ಲಿ ಕೆಲಸ ಸಿಕ್ಕಿತ್ತು. 'ಇಲ್ಲಿ ನಮ್ ಕಡೀ ಮಂದಿ ಭಾಳ ಅದಾರ, ಒಂದು ಔಷಧದ ಅಂಗಡಿ ಇಲ್ಲ' ಎಂದು ಅವನು ಬರೆದ. ಎಪ್ಪತ್ತನಾಲ್ಕರಲ್ಲಿ ಗಂಡ ಹೆಂಡತಿ ಟಿ. ದಾಸರಹಳ್ಳಿಗೆ ಬಂದು ಇಳಿದರು.

ತುಮಕೂರು ರಸ್ತೆಗೆ ಮುಖ ಮಾಡಿದ್ದ ಆವಲಪ್ಪನ ಮನೆಯ ಮುಂದಿನ ಕೋಣೆಯೇ ಅಂಗಡಿಯಾಯಿತು. ಆವಲಪ್ಪ ಅದೇ ಹಳ್ಳಿಯ ಹಳೆಯ ಮನೆತನದವನು. ಹೊಲವೆಲ್ಲ ಸೈಟುಗಳಾದ ಮೇಲೆ ಜಗಲಿಯ ಮೇಲೆ ಕೂತು ರಸ್ತೆಯ ಲಾರಿಗಳನ್ನು ನೋಡುವುದೇ ಅವನ ಕಸುಬಾಗಿತ್ತು. ಅಂಗಡಿ ಬಂದದ್ದು ಅವನಿಗೆ ಒಳ್ಳೆಯ ಕಾಲಕ್ಷೇಪವಾಯಿತು. ಬೆರಳು ಕತ್ತರಿಸಿಕೊಂಡ ಕಾರ್ಖಾನೆಯ ಹುಡುಗರು, ಹೊಟ್ಟೆನೋವಿನ ಹಮಾಲಿಗಳು, ಜ್ವರದ ಕೂಸನ್ನು ಹೆಗಲಿಗೆ ಹಾಕಿಕೊಂಡ ತಾಯಂದಿರು, ಎಲ್ಲರೂ ಬರುತ್ತಿದ್ದರು. ಗುರುಪಾದಪ್ಪ ಕೈಯಾರೆ ಕೊಟ್ಟರೆ ಬರೀ ತಲೆನೋವಿನ ಮಾತ್ರೆಯೂ ಹೆಚ್ಚು ಕೆಲಸ ಮಾಡುತ್ತದೆ ಎಂದು ಹಳ್ಳಿಯಲ್ಲಿ ಮಾತಾಯಿತು. ಹಿಂದಿನ ಬೀದಿಯ ಮುನಿಕೆಂಪಮ್ಮನಂತೂ ತನ್ನ ಬಿ.ಪಿ. ಮಾತ್ರೆಯನ್ನು ಅವನ ಎದುರಿಗೇ ಬಾಯಿಗೆ ಹಾಕಿಕೊಂಡು, ಅವನ ಹೂಜಿಯ ನೀರು ಕುಡಿದು ಹೋಗುತ್ತಿದ್ದಳು. ಗುರುಪಾದಪ್ಪನಿಗೆ ಇದಕ್ಕಿಂತ ಹೆಚ್ಚಿನದು ಏನೂ ಬೇಕಿರಲಿಲ್ಲ. ಗೊತ್ತಿಲ್ಲದ ಊರಿಗೆ ಬಂದು, ಜನ ತನ್ನ ಕೈಯಿಂದ ಪಡೆದದ್ದನ್ನು ಹಿಂದೆ ಮುಂದೆ ನೋಡದೆ ನುಂಗುತ್ತಾರಲ್ಲ ಎಂದು ಅವನಿಗೆ ಒಳಗೊಳಗೇ ಹೆಮ್ಮೆ.

ಎಂಬತ್ತನಾಲ್ಕರ ಸಂಕ್ರಾಂತಿ ಮುಗಿದ ವಾರ ಔಷಧ ಇಲಾಖೆಯ ಹೊಸ ಇನ್‌ಸ್ಪೆಕ್ಟರು ತಪಾಸಣೆಗೆ ಬಂದರು. ಇನ್ನೂ ಚಿಕ್ಕ ವಯಸ್ಸು, ಇಸ್ತ್ರಿ ಮಾಡಿದ ಅಂಗಿ, ಒಳ್ಳೆಯ ಮನುಷ್ಯರೇ. ಬಿಲ್ಲು ನೋಡಿದರು, ಫ್ರಿಜ್ ತೆರೆದು ನೋಡಿದರು, ಎಲ್ಲ ಸರಿಯಿತ್ತು. ಹೊರಡುವ ಮೊದಲು ಹಿಂದಿನ ಕೋಣೆಗೆ ಇಣುಕಿದರು. ಅಲ್ಲಿ ಬೆಂಚಿನ ಕೆಳಗೆ, ಸುತ್ತಲೂ ಸುತಳಿ ಬಿಗಿದ ಒಂದು ರಟ್ಟಿನ ಪೆಟ್ಟಿಗೆ ಇತ್ತು. ಬಿಚ್ಚಿಸಿದರೆ ಕೆಮ್ಮಿನ ಸಿರಪ್ಪಿನ ಬಾಟಲಿಗಳು, ಎಲ್ಲದರ ತಾರೀಖೂ ಮುಗಿದಿತ್ತು.

"ಇದೇನ್ರೀ ಇದು? ಡೇಟ್ ಆಗಿರೋ ಮಾಲನ್ನ ಅಂಗಡೀಲಿ ಯಾಕ್ ಇಟ್ಟಿದೀರಿ?" ಎಂದರು ಇನ್‌ಸ್ಪೆಕ್ಟರು.

ಆ ಬಾಟಲಿಗಳು ವಾಪಸು ಹೋಗಬೇಕಾದವು. ಮಾರುವ ಸರಕಿನಿಂದ ಬೇರೆ ಮಾಡಿ ಗುರುಪಾದಪ್ಪನೇ ಕಟ್ಟಿಟ್ಟಿದ್ದ. ಬಂದು ಒಯ್ಯುತ್ತೇನೆ ಎಂದು ಸಗಟು ವ್ಯಾಪಾರದ ಏಜೆಂಟನು ಬರೆದುಕೊಟ್ಟ ಚೀಟಿಯೂ ಗಲ್ಲಾಪೆಟ್ಟಿಗೆಯಲ್ಲಿತ್ತು. ಇಷ್ಟು ಹೇಳಿದ್ದರೆ ಇನ್‌ಸ್ಪೆಕ್ಟರು ತಲೆಯಾಡಿಸಿ ಹೋಗುತ್ತಿದ್ದರು. ಆದರೆ ಸರ್ಕಾರದ ಸಾಹೇಬರು ದನಿ ಏರಿಸಿದಾಗ ಕಾರಣ ಕೊಡುತ್ತ ನಿಲ್ಲುವುದು ಎದುರುತ್ತರ ಎಂದು ಗುರುಪಾದಪ್ಪನ ರಕ್ತದಲ್ಲೇ ಇತ್ತು. ಅವನು ಕೈಮುಗಿದು, "ತಪ್ಪಾತ್ರಿ ಸಾಹೇಬ್ರ" ಎಂದ.

ಎಂದು, 'ಇರ್ಲಿ ಬಿಡಿ' ಎಂಬ ಮಾತಿಗಾಗಿ ಕಾದ. ಚಹಾ ತರಿಸಲು ಬಾಗಿಲ ಕಡೆ ನೋಡಿಯೂ ಆಯಿತು. ಇನ್‌ಸ್ಪೆಕ್ಟರು ಪೆನ್ನು ತೆಗೆದರು. ತಪಾಸಣೆಯ ಪುಸ್ತಕದಲ್ಲಿ ಇಂಗ್ಲಿಷಿನಲ್ಲಿ ಏನನ್ನೋ ಬರೆದು ಸಹಿ ಹಾಕಿ ಎಂದರು. ಗುರುಪಾದಪ್ಪ ಹಾಕಿದ. ಅಂಗಡಿಯವರು ತಪ್ಪು ಒಪ್ಪಿಕೊಂಡಿದ್ದಾರೆ ಎಂದು ಅಲ್ಲಿ ಬರೆದಿತ್ತು.

ತಿಂಗಳು ತುಂಬುವ ಮೊದಲು ಷೋಕಾಸ್ ನೋಟಿಸು ಬಂತು. ನಿಮ್ಮ ಲೈಸೆನ್ಸನ್ನು ಯಾಕೆ ಅಮಾನತು ಮಾಡಬಾರದು, ಕಾರಣ ತಿಳಿಸಿ, ಖುದ್ದಾಗಿ ಹಾಜರಾಗಿ ಹೇಳಿಕೊಳ್ಳುವುದಿದ್ದರೆ ಅದನ್ನೂ ತಿಳಿಸಿ ಎಂದಿತ್ತು. ಆವಲಪ್ಪ ಅದನ್ನು ತಿರುವಿ ನೋಡಿ, "ಇದು ಸರೀಗಿಲ್ಲ ಕಣಪ್ಪ. ಯಾರಾನ ಲಾಯರ್ ಅತ್ರ ಓಗಿ ತೋರ್ಸು" ಎಂದ.

"ವಕೀಲ್ರು ಯಾಕ್ರಿ? ನಾವೇನ್ ಕೊಲಿ ಮಾಡೀವೇನ್ರಿ?" ಎಂದು ಗುರುಪಾದಪ್ಪ ನಕ್ಕ. ಊಟವಾದ ಮೇಲೆ ಬಿಳಿ ಹಾಳೆಯ ಮೇಲೆ, ಮುತ್ತಿನಂಥ ಅಕ್ಷರದಲ್ಲಿ ತಾನೇ ಉತ್ತರ ಬರೆದ. ಸನ್ಮಾನ್ಯ ಸಾಹೇಬರ ಪಾದಕ್ಕೆ ನಮಸ್ಕಾರ, ನನ್ನಿಂದ ತಪ್ಪಾಗಿದೆ, ದೊಡ್ಡವರಾದ ತಾವು ಹೊಟ್ಟೆಯಲ್ಲಿ ಹಾಕಿಕೊಳ್ಳಬೇಕು, ಖುದ್ದಾಗಿ ಬಂದು ತಮ್ಮ ಹೊತ್ತು ಹಾಳು ಮಾಡುವ ಇಚ್ಛೆ ನನಗಿಲ್ಲ. ಬರೆದದ್ದನ್ನು ಚಂದ್ರವ್ವನಿಗೆ ಓದಿ ಹೇಳಿದ.

ಚಂದ್ರವ್ವ ರೊಟ್ಟಿ ತಟ್ಟುವುದನ್ನು ನಿಲ್ಲಿಸಿ ಕೇಳಿದಳು. "ಬಾಟ್ಲಿ ವಾಪಸ್ ಕಳ್ಸಾಕ ಇಟ್ಟಿದ್ವಿ ಅನ್ನೂದು ಎಲ್ಲಿ ಬರದೀರಿ?"

"ಅದನ್ನೆಲ್ಲಾ ಬರೀಬಾರದು. ವಾದಾ ಮಾಡಿದಂಗ ಆಗ್ತೈತಿ."

"ಏನರ ಮಾಡ್ರಿ" ಎಂದು ಅವಳು ಮತ್ತೆ ರೊಟ್ಟಿಗೆ ಕೈ ಹಾಕಿದಳು. ಅವಳಿಗೂ ಆಗ ಹೆಚ್ಚಿನದೇನೂ ಹೊಳೆಯಲಿಲ್ಲ.

ಮಾರ್ಚಿ ಮೊದಲ ವಾರ ಆದೇಶ ಬಂತು. ಪರವಾನಗಿದಾರರು ತಪಾಸಣೆಯ ಸಮಯದಲ್ಲಿಯೂ ಲಿಖಿತ ಉತ್ತರದಲ್ಲಿಯೂ ತಪ್ಪೊಪ್ಪಿಕೊಂಡಿರುವುದರಿಂದ ಮತ್ತು ಖುದ್ದು ವಿಚಾರಣೆಯನ್ನು ತಾವೇ ನಿರಾಕರಿಸಿರುವುದರಿಂದ ಲೈಸೆನ್ಸನ್ನು ಮೂರು ತಿಂಗಳು ಅಮಾನತಿನಲ್ಲಿಡಲಾಗಿದೆ. ಬಂದ ಸಿಬ್ಬಂದಿ ಅದರ ಒಂದು ಪ್ರತಿಯನ್ನು ಅಂಗಡಿಯ ಬಾಗಿಲಿಗೆ ಅಂಟಿಸಿ ಹೋದರು. ಗೋಂದು ಚೆನ್ನಾಗಿ ಬಳಿದಿದ್ದರು, ಒಂದು ಮೂಲೆಯೂ ಏಳಲಿಲ್ಲ.

ಗುರುಪಾದಪ್ಪ ಅದರ ಮುಂದೆ ನಿಂತು ಓದಿದ. ಅಂಗಡಿ ಮುಚ್ಚಿದ್ದು ಒಂದು ಕಡೆ. ಬಾಗಿಲ ಮೇಲಿನ ಆ ಕಾಗದವನ್ನು ಹೋಗುವವರು ಬರುವವರೆಲ್ಲ ಓದುತ್ತಾರೆ. ಅವಧಿ ಮೀರಿದ ಔಷಧಿ ಇಟ್ಟವನು ಎಂದು ಓದುತ್ತಾರೆ. ಇವನು ತಪ್ಪು ಮಾಡಿಲ್ಲ ಎಂದು ಸರ್ಕಾರವೇ ಹೇಳಿ ಅದನ್ನು ಬೇಗ ಕೀಳಿಸಬೇಕು. ಇಲ್ಲದಿದ್ದರೆ ಬಾಗಿಲು ತೆರೆದರೂ ಇಲ್ಲಿ ತನ್ನ ಕೈಯಿಂದ ಯಾರೂ ಏನೂ ತೆಗೆದುಕೊಳ್ಳುವುದಿಲ್ಲ ಎಂದು ಅವನಿಗೆ ಅಲ್ಲೇ ನಿಂತು ಅನ್ನಿಸಿತು. ಮರುದಿನವೇ ವಕೀಲರನ್ನು ಹುಡುಕಿಕೊಂಡು ಯಶವಂತಪುರಕ್ಕೆ ಹೋದ.

ವಕೀಲ ವಹಾಬ್ ಅವರ ಆಫೀಸು ಯಶವಂತಪುರದ ಪೇಟೆಯಲ್ಲಿ ಒಂದು ಮಹಡಿಯ ಮೇಲಿತ್ತು. ಆರ್.ಟಿ. ನಗರದ ಮನೆಯಿಂದ ದಿನಾ ಸ್ಕೂಟರಿನಲ್ಲಿ ಬರುತ್ತಿದ್ದರು. ನಿಧಾನದ ಮನುಷ್ಯ, ಸಿಟ್ಟು ಬಂದರೆ ಮಾತ್ರ ಕನ್ನಡಕ ತೆಗೆದು ಮೇಜಿನ ಮೇಲೆ ಇಡುತ್ತಿದ್ದರು. ಕಾಗದಗಳನ್ನೆಲ್ಲ ಓದಿದರು.

"ಈ ಪೆಟ್ಟಿಗೆ ಎಲ್ಲಿತ್ರೀ?"

"ಹಿಂದಿನ ಖೋಲ್ಯಾಗ್ರಿ, ಬೆಂಚಿನ ಕೆಳಗ."

"ಮಾರೋ ಸರಕಿನ ಜೊತೇಲಾ?"

"ಛೇ, ಅದನ್ನ ಹೆಂಗ ಮಾರಾಕ ಬರ್ತೈತ್ರಿ? ಏಜೆಂಟ ಒಯ್ತೀನಂತ ಚೀಟಿ ಬರದಾನ್ರಿ, ನೋಡ್ರಿಲ್ಲಿ."

ವಹಾಬ್ ಚೀಟಿ ಓದಿ ಕನ್ನಡಕ ತೆಗೆದರು. "ನೀವು ತಪ್ಪೇ ಮಾಡಿಲ್ಲ ಕಣ್ರೀ. ಹೀಗೆ ಬೇರೆ ಇಟ್ಟು ವಾಪಸ್ ಕಳ್ಸೋ ಏರ್ಪಾಡು ಮಾಡ್ಕೊಂಡಿದ್ರೆ ಇಟ್ಕೋಬಹುದು ಅಂತ ರೂಲಲ್ಲೇ ಇದೆ. ಇನ್‌ಸ್ಪೆಕ್ಟರಿಗೆ ಯಾಕ್ ಹೇಳ್ಲಿಲ್ಲ?"

"ಅವರು ಕೇಳಲಿಲ್ರಿ."

"ಯಾಕ್ ಇಟ್ಟಿದೀರಿ ಅಂತ ಕೇಳಿದ್ರಲ್ಲ."

"ಅದು ಕೇಳಿದ್ದಲ್ರಿ, ಬೈದದ್ದು."

ವಹಾಬ್ ಚೀಟಿಯನ್ನು ಮೇಜಿನ ಮೇಲೆ ಇಟ್ಟು ಅವನನ್ನೇ ನೋಡಿದರು. ಗುರುಪಾದಪ್ಪನಿಗೆ ಆ ನೋಟ ತಡೆಯಲಾಗಲಿಲ್ಲ. "ತಪ್ಪಾತ್ರಿ ಸಾಹೇಬ್ರ" ಎಂದ.

"ಆ ಮಾತೊಂದನ್ನ ಇನ್ನು ಎಲ್ಲೂ ಆಡ್ಬೇಡಿ" ಎಂದರು ವಹಾಬ್. "ನಿಮ್ಮ ಊರಲ್ಲಿ ಅದು ನಮಸ್ಕಾರ ಇದ್ದ ಹಾಗೆ ಇರ್ಬಹುದು. ಫೈಲಲ್ಲಿ ಅದು ತಪ್ಪೊಪ್ಪಿಗೆ."

ಆಮೇಲೆ ದಾರಿಗಳನ್ನು ಬಿಡಿಸಿ ಹೇಳಿದರು. ಅಮಾನತಿನ ವಿರುದ್ಧ ಸರ್ಕಾರಕ್ಕೆ ಮೇಲ್ಮನವಿ ಹಾಕಬಹುದು, ಅದರ ಜೊತೆಗೇ ವಿಚಾರಣೆ ಮುಗಿಯುವವರೆಗೆ ಆದೇಶಕ್ಕೆ ತಡೆ ಕೊಡಿ ಎಂದು ಕೇಳಬಹುದು. ಹೈಕೋರ್ಟಿಗೆ ರಿಟ್ ಅರ್ಜಿಯೂ ಇದೆ. ಆದರೆ ಮೇಲ್ಮನವಿಯ ದಾರಿ ತೆರೆದಿರುವಾಗ ನೇರ ಇಲ್ಲಿಗೇ ಯಾಕೆ ಬಂದಿರಿ ಎಂದು ನ್ಯಾಯಾಧೀಶರು ವಾಪಸು ಕಳಿಸಬಹುದು. ವಿಚಾರಣೆಯೇ ನಡೆಸದೆ ಶಿಕ್ಷೆ ಕೊಟ್ಟಿದ್ದರೆ ಅದೊಂದು ಗಟ್ಟಿ ಹಿಡಿತವಾಗುತ್ತಿತ್ತು. "ವಿಚಾರಣೆ ಬೇಡ ಅಂತ ನೀವೇ ಬರ್ಕೊಟ್ಟಿದೀರಲ್ಲ" ಎಂದು ವಹಾಬ್ ಹಣೆ ಉಜ್ಜಿಕೊಂಡರು. ಗುರುಪಾದಪ್ಪನ ನಾಲಿಗೆಯ ತುದಿಗೆ ಮತ್ತೆ ಆ ಮಾತೇ ಬಂತು. ಹಲ್ಲು ಕಚ್ಚಿ ನುಂಗಿಕೊಂಡ.

ಮೇಲ್ಮನವಿ ಹಾಕಿದರು. ತಡೆಯಾಜ್ಞೆಯ ಅರ್ಜಿಯನ್ನೂ ಹಾಕಿದರು. ಅರ್ಜಿ ಒಂದು ಮೇಜಿನಿಂದ ಇನ್ನೊಂದು ಮೇಜಿಗೆ ಹೋಯಿತು ಎಂದು ಒಂದು ವಾರ ಸುದ್ದಿ ಬಂತು. ಮುಂದಿನ ವಾರ, ಆ ಮೇಜಿನವರು ರಜೆಯ ಮೇಲೆ ಇದ್ದಾರೆ ಎಂದು ಬಂತು. ವಿಧಾನಸೌಧದ ಹತ್ತಿರದ ಬಹುಮಹಡಿ ಕಟ್ಟಡದ ಮೆಟ್ಟಿಲು ಹತ್ತಿ ಇಳಿದು ಗುರುಪಾದಪ್ಪನ ಚಪ್ಪಲಿ ಸವೆಯಿತು. ಯಾರೂ ಅವನನ್ನು ಬೈಯಲಿಲ್ಲ, ಯಾರೂ ಲಂಚ ಕೇಳಲಿಲ್ಲ. 'ನಾಳೆ ಬನ್ನಿ' ಎಂದು ಮರ್ಯಾದೆಯಿಂದಲೇ ಹೇಳಿದರು. ಬೈದಿದ್ದರೆ ಯಾರ ಮೇಲಾದರೂ ಸಿಟ್ಟು ಮಾಡಿಕೊಳ್ಳಬಹುದಿತ್ತು. ಅದಕ್ಕೂ ದಾರಿಯಿರಲಿಲ್ಲ.

ಉಳಿದ ದಿನಗಳಲ್ಲಿ ಅವನು ಬೆಳಿಗ್ಗೆ ಎದ್ದು, ಸ್ನಾನ ಮಾಡಿ, ವಿಭೂತಿ ಹಚ್ಚಿಕೊಂಡು, ಅಭ್ಯಾಸದಿಂದ ಅಂಗಡಿಗೆ ಬರುತ್ತಿದ್ದ. ಬಂದು ಬೀಗ ಹಾಕಿದ ಬಾಗಿಲ ಪಕ್ಕ ಜಗಲಿಯ ಮೇಲೆ ಆವಲಪ್ಪನ ಜೊತೆ ಕೂರುತ್ತಿದ್ದ. ಜ್ವರದ ಕೂಸನ್ನು ಎತ್ತಿಕೊಂಡು ಬಂದ ಹೆಂಗಸಿಗೆ, "ಜಾಲಹಳ್ಳಿ ಕ್ರಾಸಿನ್ಯಾಗ ಅಂಗಡಿ ಐತವ್ವ, ಲಗೂ ಹೋಗು" ಎಂದು ಹೇಳಿ ರಸ್ತೆಯ ಕಡೆ ಕೈ ತೋರಿಸುತ್ತಿದ್ದ. ಮಾತ್ರೆ ಒಳಗೇ ಇತ್ತು, ಯಾವ ಕಪಾಟಿನ ಯಾವ ಮೂಲೆ ಎಂದೂ ಗೊತ್ತಿತ್ತು. ಬಾಗಿಲು ತೆರೆದು ಕೊಟ್ಟರೆ ಮೂರು ತಿಂಗಳಿನ ಅಮಾನತು ಹೋಗಿ ಲೈಸೆನ್ಸೇ ಶಾಶ್ವತವಾಗಿ ರದ್ದಾಗುತ್ತದೆ ಎಂದು ವಹಾಬ್ ಎಚ್ಚರಿಸಿದ್ದರು.

ಯುಗಾದಿ ಕಳೆದ ಮೇಲೆ ಒಂದು ಬೆಳಿಗ್ಗೆ ಮುನಿಕೆಂಪಮ್ಮ ಬಂದಳು. ಮಗಳ ಬಾಣಂತನಕ್ಕೆ ಎಲ್ಲೋ ಹೋಗಿದ್ದವಳು ಆಗಷ್ಟೇ ಊರಿಗೆ ಬಂದಿದ್ದಳು. ಓದು ಬರಹ ಬಾರದವಳು. ಬಾಗಿಲ ಮೇಲಿನ ಕಾಗದ ನೋಡಿ, "ಇದೇನ್ ಆವಲಪ್ಪಣ್ಣ, ಏನ್ ಬರ್ದವ್ರೆ?" ಎಂದಳು.

ಆವಲಪ್ಪ ಗುರುಪಾದಪ್ಪನ ಮುಖ ನೋಡಿದ. "ಏನೋ ಸರ್ಕಾರದ್ದು, ಬುಡಮ್ಮ" ಎಂದ. ಅವಳು ಬಿಡಲಿಲ್ಲ. "ಓದಿ ಏಳಣ್ಣ, ನಂಗೂ ತಿಳೀಲಿ" ಎಂದು ಅಲ್ಲೇ ನಿಂತಳು. ಸುಳ್ಳು ಹೇಳಿ ಗೊತ್ತಿಲ್ಲದ ಆವಲಪ್ಪ ಎದ್ದು, ಬೆರಳಿಟ್ಟು, ಅಕ್ಷರ ಕೂಡಿಸಿ ಓದಿದ. ಅವಧಿ ಮೀರಿದ ಔಷಧಿಗಳನ್ನು ದಾಸ್ತಾನು ಮಾಡಿದ ಕಾರಣ.

"ಅಂಗಂದ್ರೆ?"

"ತಾರೀಕ್ ಆಗಿರೋದು. ಕೆಟ್ಟೋಗಿರೋದು."

ಮುನಿಕೆಂಪಮ್ಮ ಗುರುಪಾದಪ್ಪನ ಕಡೆ ತಿರುಗಿದಳು. ಜಗಳಕ್ಕೆ ಬಂದವಳಲ್ಲ. ಅವಳ ಮುಖದಲ್ಲಿ ಭಯವಿತ್ತು. "ನಂಗೆ ಕೊಡ್ತಿದ್ದದ್ದೂ ಅಂಥದ್ದೇನಪ್ಪಾ?" ಎಂದು ಕೇಳಿದಳು.

"ಇಲ್ರಿ ಯವ್ವ, ದೇವರಾಣೆ ಇಲ್ಲ" ಎಂದ ಗುರುಪಾದಪ್ಪ. ಪೆಟ್ಟಿಗೆ, ಸುತಳಿ, ಏಜೆಂಟ್, ಚೀಟಿ, ರೂಲು ಎಲ್ಲವನ್ನೂ ಒಂದೇ ಉಸಿರಿಗೆ ಹೇಳತೊಡಗಿದ. ಇನ್‌ಸ್ಪೆಕ್ಟರ ಎದುರು ಬಾರದಿದ್ದ ಮಾತೆಲ್ಲ ಈಗ ದಂಡಿಯಾಗಿ ಬಂತು. ಮುನಿಕೆಂಪಮ್ಮ ಅರ್ಧ ಕೇಳಿ, "ಅದೇನೋಪ್ಪ" ಎಂದು, ಹೊಟ್ಟೆಯ ಮೇಲೆ ಕೈ ಇಟ್ಟುಕೊಂಡು ಹೊರಟುಹೋದಳು.

ಅವತ್ತು ಗುರುಪಾದಪ್ಪ ಊಟ ಮಾಡಲಿಲ್ಲ. ಚಂದ್ರವ್ವ ಬೇಡಿದಳು, ಬೈದಳು, ಕೊನೆಗೆ ಅವಳೂ ಉಣ್ಣದೆ ಕೂತಳು.

ಏಪ್ರಿಲ್ ಕೊನೆಗೆ ವಿಚಾರಣೆಯ ದಿನ ಗೊತ್ತಾಯಿತು. ವಹಾಬ್ ಹೇಳಿಕಳಿಸಿದರು. ವಾದ ನಾನು ನೋಡಿಕೊಳ್ಳುತ್ತೇನೆ, ಅಧಿಕಾರಿಗಳು ನಿಮ್ಮನ್ನೇ ಕೇಳಿದರೆ ಒಂದೇ ಮಾತು ಹೇಳಿ, 'ನಾನು ತಪ್ಪು ಮಾಡಿಲ್ಲ' ಅಂತ. ಹಿಂದೆ ಹೇಳಿದ್ದು ಮರ್ಯಾದೆಗೆ ಎಂದು ನಾನು ವಿವರಿಸುತ್ತೇನೆ.

ಚಂದ್ರವ್ವ ಗಂಡನನ್ನು ಎದುರಿಗೆ ಕೂರಿಸಿಕೊಂಡು ಪಾಠ ಒಪ್ಪಿಸಿಕೊಂಡಳು.

"ಹೇಳ್ರಿ."

"ನಾನು ತಪ್ಪು..."

"ಮುಂದ?"

"ಮಾಡಿದ್ರ ಹೊಟ್ಟ್ಯಾಗ ಹಾಕ್ಕೊಳ್ರಿ."

ಚಂದ್ರವ್ವ ಹಣೆ ಬಡಿದುಕೊಂಡಳು. ಮತ್ತೆ ಹೇಳಿಸಿದಳು. ಆ ಮಾತು ಅವನ ಬಾಯಿಗೆ ಒಗ್ಗಲೇ ಇಲ್ಲ. ತನ್ನಪ್ಪನ ಮುಂದೆ ಕಾಲ ಮೇಲೆ ಕಾಲು ಹಾಕಿ ಕೂತ ಹಾಗೆ ಅವನಿಗೆ ನಾಚಿಕೆಯಾಗುತ್ತಿತ್ತು. ಎರಡನೇ ದಿನಕ್ಕೆ ಗೋಡೆಯ ಕಡೆ ಮುಖ ಮಾಡಿ ಹೇಳಲು ಬಂತು. ಮೂರನೇ ದಿನ ಅವಳ ಮುಖ ನೋಡಿಕೊಂಡೇ ಹೇಳಿದ. ಚಂದ್ರವ್ವನಿಗೆ ಆನಂದದಿಂದ ಕಣ್ಣು ತುಂಬಿದವು. ಮದುವೆಯಾದಾಗಿನಿಂದ ಈ ಮನುಷ್ಯ ಅಂಥ ಒಂದು ಮಾತು ಆಡಿದ್ದನ್ನು ಅವಳು ಕೇಳಿರಲಿಲ್ಲ.

ವಿಚಾರಣೆಯ ಕೋಣೆಯಲ್ಲಿ ಫ್ಯಾನು ತಿರುಗುತ್ತಿತ್ತು. ಮೇಲ್ಮನವಿ ಕೇಳುವ ಅಧಿಕಾರಿ ನಿವೃತ್ತಿಗೆ ಹತ್ತಿರದವರು, ಕೂದಲು ಪೂರ್ತಿ ಬೆಳ್ಳಗಾಗಿತ್ತು. ಗುರುಪಾದಪ್ಪನಿಗೆ ಅವರನ್ನು ನೋಡಿದರೆ ಊರಿನ ಹಿರಿಯರೊಬ್ಬರನ್ನು ಕಂಡ ಹಾಗಾಯಿತು. ವಹಾಬ್ ರೂಲಿನ ಸಾಲು ಓದಿದರು, ಏಜೆಂಟನ ಚೀಟಿ ಮುಂದಿಟ್ಟರು. ತಪ್ಪಾತ್ರಿ ಎನ್ನುವುದು ಆ ಸೀಮೆಯ ವಿನಯದ ಮಾತು, ಅದನ್ನು ತಪ್ಪೊಪ್ಪಿಗೆ ಎಂದು ತೆಗೆದುಕೊಳ್ಳಬಾರದು ಎಂದು ಚೆನ್ನಾಗಿಯೇ ವಾದಿಸಿದರು. ಇಲಾಖೆಯ ಕಡೆಯವರು, ಈ ಚೀಟಿ ಮೊದಲು ಯಾಕೆ ಬರಲಿಲ್ಲ, ಈಗ ಬರೆಸಿಕೊಂಡಿದ್ದಿರಬಹುದು ಎಂದರು.

ಅಧಿಕಾರಿ ಕೈಯೆತ್ತಿ ಇಬ್ಬರನ್ನೂ ನಿಲ್ಲಿಸಿದರು. ಗುರುಪಾದಪ್ಪನನ್ನು ನೋಡಿ ಮೆತ್ತಗೆ ಕೇಳಿದರು. "ನೋಡಪ್ಪಾ, ವಯಸ್ಸಾದವನು ನೀನು. ಏನೋ ತಪ್ಪಾಗಿದೆ ತಾನೇ? ಹೇಳ್ಬಿಡು, ಏನ್ ಮಾಡೋಕಾಗುತ್ತೆ ನೋಡೋಣ."

ಆ ದನಿಯನ್ನು ಗುರುಪಾದಪ್ಪ ಗುರುತು ಹಿಡಿದ. ಇಷ್ಟು ತಿಂಗಳಿನಿಂದ ಅವನು ಕಾಯುತ್ತಿದ್ದ ದನಿ ಅದು. 'ತಪ್ಪಾತ್ರಿ' ಎಂದರೆ 'ಇರ್ಲಿ ಬಿಡು' ಎನ್ನುವ ದನಿ. ಅವನ ಕೈ ತಾನಾಗಿಯೇ ಮುಗಿಯಲು ಮೇಲೆದ್ದಿತು. ವಹಾಬ್ ಕಡೆ ನೋಡಿದ. ವಹಾಬ್ ತಲೆ ತಗ್ಗಿಸಿ ಕಾಗದ ನೋಡುತ್ತಿದ್ದರು. ಹೊರಗೆ ಬೆಂಚಿನ ಮೇಲೆ ಕೂತ ಚಂದ್ರವ್ವನ ನೆನಪಾಯಿತು. ಮೂರು ದಿನದ ಪಾಠ ನೆನಪಾಯಿತು. ಕೈ ಇಳಿಸಿ, ಗಂಟಲು ಸರಿ ಮಾಡಿಕೊಂಡು ಹೇಳಿದ.

"ಇಲ್ರಿ ಸಾಹೇಬ್ರ. ನಾನು ತಪ್ಪು ಮಾಡಿಲ್ರಿ."

ಅಧಿಕಾರಿಯ ಮುಖ ಬಿಗಿಯಿತು. "ಆವಾಗ ತಪ್ಪಾಗಿದೆ ಅಂತ ಬರ್ಕೊಡ್ತೀರಿ, ಈವಾಗ ಇಲ್ಲ ಅಂತೀರಿ" ಎಂದು ಫೈಲು ಮುಚ್ಚಿದರು. ಅಪ್ಪಾ ಹೋಗಿ ರೀ ಬಂದಿತ್ತು.

ಮೇ ನಡುವಿನಲ್ಲಿ ಆದೇಶ ಕೈಸೇರಿತು. ಮೊದಲು ಒಪ್ಪಿ ಈಗ ನಿರಾಕರಿಸುತ್ತಿರುವ ಮೇಲ್ಮನವಿದಾರರಲ್ಲಿ ಪಶ್ಚಾತ್ತಾಪದ ಲಕ್ಷಣ ಕಾಣದ ಕಾರಣ ಅವಧಿ ಕಡಿತಗೊಳಿಸಲು ಆಧಾರವಿಲ್ಲ. ಮನವಿ ವಜಾ. ವಹಾಬ್ ಅದನ್ನು ಓದಿ ಹೇಳಿ ಮಡಚಿಟ್ಟರು. "ಕಾನೂನಿನ ಪ್ರಕಾರ ನೀವು ಹೇಳಿದ್ದೇ ಸರಿ" ಎಂದರು. ಅವರ ದನಿ ಸಣ್ಣಗಾಗಿತ್ತು.

ಚಂದ್ರವ್ವ ಸುಮ್ಮನಿರಲಿಲ್ಲ. "ತಪ್ಪಾತು ಅಂದ್ರೂ ಶಿಕ್ಷಾ, ತಪ್ಪ ಮಾಡಿಲ್ಲ ಅಂದ್ರೂ ಶಿಕ್ಷಾ. ಹಂಗಾರ ಬಾಯಿ ಇದ್ದವ್ರು ಏನಂತ ಅನಬೇಕ್ರಿ ವಕೀಲ್ರ? ನೀವರ ಹೇಳ್ರಿ."

ರಿಟ್‌ಗೆ ಈಗ ಅಡ್ಡಿಯಿರಲಿಲ್ಲ. ಆದರೆ ಹೈಕೋರ್ಟಿಗೆ ಬೇಸಿಗೆ ರಜೆ. ರಜೆಯ ಪೀಠದ ಮುಂದೆ ವಹಾಬ್ ತಾವೇ ಹೋಗಿ ತುರ್ತು ಎಂದು ಬೇಡಿಕೊಂಡರು. ಅವತ್ತಿನ ಪಟ್ಟಿಯಲ್ಲಿ ಮನೆ ಕೆಡವುವ ಕೇಸುಗಳಿದ್ದವು, ಒಂದು ಬಂಧನದ ಕೇಸಿತ್ತು. ಔಷಧಿ ಅಂಗಡಿಯವನದು ಅಷ್ಟು ತುರ್ತಾಗಿ ಯಾರಿಗೂ ಕಾಣಲಿಲ್ಲ. ರಜೆ ಮುಗಿದ ಮೇಲೆ ಬನ್ನಿ ಎಂದಾಯಿತು. ರಜೆ ಮುಗಿದು ಕೋರ್ಟು ತೆರೆಯುವ ಹೊತ್ತಿಗೆ ಅಮಾನತಿನ ಮೂರು ತಿಂಗಳೂ ತೀರಿತು. ಮುಗಿದುಹೋದ ಶಿಕ್ಷೆಗೆ ತಡೆ ಕೊಡಲು ಬರುವುದಿಲ್ಲ. ಹೆಸರು ತೊಳೆಯಲು ಕೇಸು ಮುಂದುವರಿಸಬಹುದು, ತೀರ್ಪು ಬರುವುದು ಯಾವ ವರ್ಷವೋ ಎಂದು ವಹಾಬ್ ಮುಚ್ಚುಮರೆಯಿಲ್ಲದೆ ಹೇಳಿದರು. ಗುರುಪಾದಪ್ಪ ಬೇಡವೆಂದ. ಇದ್ದ ದಾರಿಗಳಲ್ಲೆಲ್ಲ ನಡೆದಿದ್ದ, ಯಾವುದೂ ಅವನನ್ನು ಎಲ್ಲಿಗೂ ಮುಟ್ಟಿಸಿರಲಿಲ್ಲ.

ಜೂನ್‌ನಲ್ಲಿ ಅಂಗಡಿ ತೆರೆಯಿತು. ಬಾಗಿಲ ಕಾಗದವನ್ನು ಚಂದ್ರವ್ವ ಬಿಸಿನೀರು ಹಾಕಿ ನೆನೆಸಿ ಕೆರೆದು ತೆಗೆದಳು. ಮರದ ಮೇಲೆ ಬಿಳಿ ಗುರುತು ಉಳಿಯಿತು. ಗಿರಾಕಿಗಳು ಬಂದರು, ಮೊದಲಿನಷ್ಟಲ್ಲ. ಬಂದವರೆಲ್ಲ ಮಾತ್ರೆಯ ಪಟ್ಟಿಯನ್ನು ತಿರುವಿ ಬೆಳಕಿಗೆ ಹಿಡಿಯುತ್ತಿದ್ದರು. ಅವರು ತಿರುವುವ ಮೊದಲೇ ಗುರುಪಾದಪ್ಪ ತಾರೀಖನ್ನು ಗಟ್ಟಿಯಾಗಿ ಓದಿ ಹೇಳಲು ಶುರು ಮಾಡಿದ. ಅದರಿಂದ ಇನ್ನಷ್ಟು ಕೆಟ್ಟಿತು. ಏನೂ ಗೊತ್ತಿಲ್ಲದ ಹೊಸಬರು ಕೂಡ, ಈ ಮನುಷ್ಯ ಯಾಕೆ ಹೀಗೆ ಓದುತ್ತಾನೆ ಎಂದು ಅನುಮಾನದಿಂದ ನೋಡತೊಡಗಿದರು.

ಒಂದು ಮಧ್ಯಾಹ್ನ, ಚಂದ್ರವ್ವ ಬುತ್ತಿ ತಂದು ಕೂತಿದ್ದಾಗ, ಮುನಿಕೆಂಪಮ್ಮ ಬಂದಳು. ಜಾಲಹಳ್ಳಿ ಕ್ರಾಸಿನವರೆಗೆ ನಡೆಯಲು ಕಾಲು ನೋವು, ಅದಕ್ಕೇ ಬಂದದ್ದು ಎಂದು ಅವಳೇ ಹೇಳಿದಳು. ಗುರುಪಾದಪ್ಪನ ಮುಖ ಅರಳಿತು. ಅವಳ ಮಾತ್ರೆ ತೆಗೆದು, ತಾರೀಖು ಓದಿ, ಇನ್ನೂ ಎರಡು ವರ್ಷ ಇದೆ ಎಂದು ಬಿಡಿಸಿ ಹೇಳಿ ಕೊಟ್ಟ. ಅವಳು ಕೈಯಲ್ಲಿ ಹಿಡಿದುಕೊಂಡು ನಿಂತಳು.

"ನೀನೇ ಓದ್ಕೊಂಡ್ರೆ ಎಂಗಪ್ಪಾ?" ಎಂದಳು. ಕೊಂಕೇನೂ ಇರಲಿಲ್ಲ, ಇದ್ದದ್ದನ್ನು ಹೇಳಿದಳು. "ಬ್ಯಾರೇರ್ ಯಾರಾನ ಓದ್ಲಿ."

ಚಂದ್ರವ್ವ ದಡಕ್ಕನೆ ಎದ್ದಳು. ಗುರುಪಾದಪ್ಪ ಕೈಸನ್ನೆಯಿಂದ ಅವಳನ್ನು ತಡೆದು, ಮಾತ್ರೆಯ ಪಟ್ಟಿಯನ್ನು ಮುನಿಕೆಂಪಮ್ಮನಿಂದ ವಾಪಸು ತೆಗೆದುಕೊಂಡು, ಕೌಂಟರಿನ ಹಲಗೆ ಎತ್ತಿ ಹೊರಗೆ ಬಂದ. ರಸ್ತೆಯ ಅಂಚಿನಲ್ಲಿ ಕಾರ್ಖಾನೆಯ ನೀಲಿ ಅಂಗಿ ತೊಟ್ಟವನೊಬ್ಬ ಬಸ್ಸಿಗೆ ಕಾಯುತ್ತಿದ್ದ. ಗುರುಪಾದಪ್ಪ ಅವನ ಮುಂದೆ ಪಟ್ಟಿ ಹಿಡಿದು, "ಇದರ ಮ್ಯಾಲಿನ ತಾರೀಖು ಸ್ವಲ್ಪ ಜೋರಾಗಿ ಓದಿ ಹೇಳ್ರಿ, ಆ ಯವ್ವಗ ಕೇಳ್ಸುವಂಗ" ಎಂದ.

ಆತ ಪಟ್ಟಿಯನ್ನೂ ನೋಡಿದ, ಅಂಗಡಿಯನ್ನೂ ನೋಡಿದ. "ಯಾಕ್ರೀ, ನಿಮಗೆ ಓದಕ್ ಬರಲ್ವಾ?"

ಗುರುಪಾದಪ್ಪ ಹಿಂದೆ ತಿರುಗಿ ನೋಡಿದ. ಮುನಿಕೆಂಪಮ್ಮ ಕಿವಿಗೊಟ್ಟು ನಿಂತಿದ್ದಳು.

"ಇಲ್ರಿ, ಬರೂದಿಲ್ರಿ" ಎಂದ.

ಆತ ಪಟ್ಟಿಯನ್ನು ಕೈಗೆ ತೆಗೆದುಕೊಂಡು ಗಟ್ಟಿಯಾಗಿ ಓದಿದ. ಮುನಿಕೆಂಪಮ್ಮ ತಲೆಯಾಡಿಸಿ, ಹತ್ತಿರ ಬಂದು, ಪಟ್ಟಿಯನ್ನು ಆ ನೀಲಿ ಅಂಗಿಯವನ ಕೈಯಿಂದಲೇ ಇಸಿದುಕೊಂಡು, ಸೆರಗಿನ ತುದಿಗೆ ಕಟ್ಟಿ ಮನೆಯ ಕಡೆ ಹೊರಟಳು.